ಉಕ್ಕಿನ ಮೇಲೆ ಏನು ಬರೆದಿದೆ?



ಬೆಳಿಗ್ಗೆ ಎದ್ದಾಗಿನಿಂದ ರಾತ್ರಿ ಮಲಗುವವರೆಗೆ ನಮ್ಮ ಕೈಗೆ ಎಷ್ಟು ಕಬ್ಬಿಣ, ಎಷ್ಟು ಉಕ್ಕು ತಗಲುತ್ತದೆ? ಒಂದು ಸಲ ಎಣಿಸೋಣ ಬನ್ನಿ.

ಬಾಗಿಲ ಚಿಲಕ ತೆಗೀತೀವಿ. ಕೊಡ ಹಿಡಿದು ನೀರಿಗೆ ಹೋಗ್ತೀವಿ. ಸ್ಟೀಲ್ ಪಾತ್ರೆಯಲ್ಲಿ ಹಾಲು ಕಾಯಿಸ್ತೀವಿ. ಈಳಿಗೆಮಣೆಯಲ್ಲಿ ತರಕಾರಿ ಹೆಚ್ಚುತ್ತೀವಿ. ಸೌಟು, ಇಕ್ಕಳ, ಜರಡಿ, ತಟ್ಟೆ, ಲೋಟ ಇದ್ದೇ ಇವೆ. ಹೊಲಕ್ಕೆ ಹೋದರೆ ಕುಡುಗೋಲು, ಗುದ್ದಲಿ, ಹಾರೆ. ಊರಿಗೆ ಹೋಗಬೇಕಾದರೆ ಬಸ್ಸು. ಹರಿದ ರವಿಕೆ ಹೊಲಿಯಲು ಸೂಜಿ. ಸೆರಗಿಗೆ ಒಂದು ಪಿನ್ನು. ರಾತ್ರಿ ಮಲಗುವಾಗ ಬಾಗಿಲಿಗೆ ಬೀಗ.

ಎಣಿಸಿದಿರಾ? ಇಪ್ಪತ್ತು ದಾಟಿರಬೇಕು.

ಇವೆಲ್ಲ ದಿನಾ ಕಣ್ಣೆದುರಿಗೆ ಇರುವ ವಸ್ತುಗಳೇ. ಆದರೂ ಇವುಗಳ ಮೇಲೆ ಏನು ಬರೆದಿದೆ ಅಂತ ನಾವು ನೋಡಿರುವುದಿಲ್ಲ. ಪಾತ್ರೆಯ ತಳದಲ್ಲಿ ಗುರುತು ಇರುತ್ತದೆ. ಗ್ಯಾಸ್ ಸಿಲಿಂಡರಿನ ಮೇಲೆ ಅಂಕೆ ಇರುತ್ತದೆ. ಮನೆ ಕಟ್ಟುವ ಕಂಬಿಯ ಮೇಲೂ ಅಕ್ಷರ ಇರುತ್ತದೆ.

ಸೊಪ್ಪು ಬಾಡಿದ್ದರೆ ಒಂದು ದಿನದ ನಷ್ಟ. ಉಕ್ಕು ಹಾಗಲ್ಲ. ಒಮ್ಮೆ ಕೊಂಡರೆ ಹತ್ತಾರು ವರ್ಷ ನಮ್ಮ ಜೊತೆಗೇ ಇರುತ್ತದೆ. ಕೊಳ್ಳುವಾಗ ಮೋಸ ಹೋದರೆ ಹತ್ತಾರು ವರ್ಷ ಅನುಭವಿಸಬೇಕು. ಈಗ ನಿಮಗೆ ಓದು ಬಂದಿದೆ. ಅಂಕೆ ಬಂದಿದೆ. ಹಾಗಾದರೆ ಉಕ್ಕನ್ನು ಓದುವುದು ಹೇಗೆ? ಈ ಪಾಠದಲ್ಲಿ ಅದನ್ನೇ ಕಲಿಯೋಣ.

ಕಬ್ಬಿಣ ಮತ್ತು ಉಕ್ಕು ಎರಡೂ ಒಂದೇನಾ?

ಒಂದೇ ಬಳ್ಳಿಯ ಕಾಯಿಗಳು, ಆದರೆ ಗುಣ ಬೇರೆ ಬೇರೆ.

ಭೂಮಿಯಲ್ಲಿ ಕೆಂಪು, ಕಂದು ಬಣ್ಣದ ಒಂದು ಬಗೆಯ ಕಲ್ಲು ಸಿಗುತ್ತದೆ. ಅದೇ ಕಬ್ಬಿಣದ ಅದಿರು. ಅದನ್ನು ಕಲ್ಲಿದ್ದಲಿನಿಂದ ಮಾಡಿದ ಕೋಕ್ ಮತ್ತು ಸುಣ್ಣದ ಕಲ್ಲಿನ ಜೊತೆಗೆ ದೊಡ್ಡ ಕುಲುಮೆಗೆ ಹಾಕುತ್ತಾರೆ. ಬಿಸಿಗಾಳಿ ಊದುತ್ತಾರೆ. ಕಬ್ಬಿಣ ಕರಗಿ ನೀರಿನ ಹಾಗೆ ಹರಿಯುತ್ತದೆ. ಈ ಕಬ್ಬಿಣದಲ್ಲಿ ಇಂಗಾಲ ಹೆಚ್ಚು ಇರುತ್ತದೆ. ನೂರು ಕಿಲೋದಲ್ಲಿ ಸುಮಾರು ನಾಲ್ಕು ಕಿಲೋ ಇಂಗಾಲವೇ. ಇಂಗಾಲ ಅಂದರೆ ಇದ್ದಿಲಿನಲ್ಲಿ ಇರುವ ವಸ್ತು. ಅದು ಹೆಚ್ಚಾದರೆ ಕಬ್ಬಿಣ ಗಡಸಾಗುತ್ತದೆ, ಆದರೆ ಪೆಡಸು. ಏಟು ಬಿದ್ದರೆ ಫಟ್ಟನೆ ಒಡೆಯುತ್ತದೆ.

ಆಮೇಲೆ ಕರಗಿದ ಈ ಕಬ್ಬಿಣಕ್ಕೆ ಆಮ್ಲಜನಕ ಊದಿ ಹೆಚ್ಚಿನ ಇಂಗಾಲವನ್ನು ಸುಡುತ್ತಾರೆ. ನೂರು ಕಿಲೋಗೆ ಒಂದು ಕಿಲೋಗಿಂತ ಕಡಿಮೆ ಇಂಗಾಲ ಉಳಿಸುತ್ತಾರೆ. ಆಗ ಅದು ಉಕ್ಕು. ಉಕ್ಕು ಬಾಗುತ್ತದೆ, ಬಳುಕುತ್ತದೆ, ಸುಲಭಕ್ಕೆ ಮುರಿಯುವುದಿಲ್ಲ. ತಗಡಾಗಿ ತಟ್ಟಬಹುದು. ತಂತಿಯಾಗಿ ಎಳೆಯಬಹುದು. ಇಂಗ್ಲಿಷಿನಲ್ಲಿ ಇದಕ್ಕೇ ಸ್ಟೀಲ್ ಅನ್ನುತ್ತಾರೆ. ನಾವು ಮಾತ್ರ ಬಿಳಿ ಹೊಳೆಯುವ ಪಾತ್ರೆಗಷ್ಟೇ ಸ್ಟೀಲ್ ಅಂತೀವಿ. ನಿಜವಾಗಿ ಸೂಜಿಯೂ ಸ್ಟೀಲೇ, ರೈಲು ಹಳಿಯೂ ಸ್ಟೀಲೇ.

ಸಾರಿಗೆ ಉಪ್ಪು ಹದವಾಗಿ ಬೀಳಬೇಕು ಅಲ್ವಾ? ಕಬ್ಬಿಣಕ್ಕೆ ಇಂಗಾಲವೂ ಹಾಗೆಯೇ.

ಉಕ್ಕು ನಮ್ಮ ನೆಲದ್ದು

ಉಕ್ಕು ಹೊರಗಿನಿಂದ ಬಂದ ಹೊಸ ವಸ್ತು ಅಂತ ತಿಳಿಯಬೇಡಿ. ಸಾವಿರಾರು ವರ್ಷಗಳ ಹಿಂದೆಯೇ ದಕ್ಷಿಣ ಭಾರತದಲ್ಲಿ ಉಕ್ಕು ಮಾಡುತ್ತಿದ್ದರು. ಕಬ್ಬಿಣದ ಚೂರುಗಳನ್ನು ಕಟ್ಟಿಗೆ, ಎಲೆಗಳ ಜೊತೆ ಮಣ್ಣಿನ ಮೂಸೆಯಲ್ಲಿ ಹಾಕಿ ಬಾಯಿ ಮುಚ್ಚಿ ಕಾಯಿಸುತ್ತಿದ್ದರು. ಆ ಉಕ್ಕು ಹಡಗು ಹತ್ತಿ ಅರಬ್ಬರ ನಾಡಿಗೆ ಹೋಗುತ್ತಿತ್ತು. ಅಲ್ಲಿ ಅದರಿಂದ ಹೆಸರಾಂತ ಕತ್ತಿಗಳನ್ನು ಮಾಡುತ್ತಿದ್ದರು. ಇಂಗ್ಲಿಷಿನವರು ಈ ಉಕ್ಕಿಗೆ 'ವೂಟ್ಸ್' ಅಂತ ಹೆಸರಿಟ್ಟರು. ನಮ್ಮ ಕನ್ನಡದ 'ಉಕ್ಕು' ಎಂಬ ಮಾತೇ ಅವರ ಬಾಯಲ್ಲಿ ಹಾಗಾಯಿತು ಎಂದು ಹಲವು ವಿದ್ವಾಂಸರು ಹೇಳುತ್ತಾರೆ.

1923ರಲ್ಲಿ ಭದ್ರಾವತಿಯಲ್ಲಿ ಮೈಸೂರು ಸಂಸ್ಥಾನದ ಕಬ್ಬಿಣದ ಕಾರ್ಖಾನೆ ಶುರುವಾಯಿತು. ಸರ್ ಎಂ. ವಿಶ್ವೇಶ್ವರಯ್ಯನವರು ಅದರ ಹಿಂದೆ ನಿಂತು ದುಡಿದರು. ಕೆಮ್ಮಣ್ಣುಗುಂಡಿಯಿಂದ ಅದಿರು ಬಂತು. ಹತ್ತಿರದಲ್ಲಿ ಕಲ್ಲಿದ್ದಲು ಇರಲಿಲ್ಲ. ಅದಕ್ಕೆ ಮಲೆನಾಡಿನ ಕಟ್ಟಿಗೆ ಸುಟ್ಟು ಇದ್ದಿಲು ಮಾಡಿ ಕುಲುಮೆ ಉರಿಸಿದರು. ಇವತ್ತು ಬಳ್ಳಾರಿ ಜಿಲ್ಲೆಯ ತೋರಣಗಲ್ಲಿನಲ್ಲಿ ಇರುವ ಕಾರ್ಖಾನೆ ನಮ್ಮ ದೇಶದ ಅತಿ ದೊಡ್ಡ ಉಕ್ಕಿನ ಕಾರ್ಖಾನೆಗಳಲ್ಲಿ ಒಂದು.

ಆದರೆ ಅದಿರು ಅಗೆಯುವ ಕಡೆ ನೆಲಕ್ಕೂ ಗಾಯವಾಗುತ್ತದೆ. ಗುಡ್ಡ ಕರಗುತ್ತದೆ. ಕೆಂಪು ಧೂಳು ಬೆಳೆಯ ಮೇಲೆ ಕೂರುತ್ತದೆ. ಅಕ್ರಮ ಗಣಿಗಾರಿಕೆ ಮಿತಿ ಮೀರಿದಾಗ 2011ರಲ್ಲಿ ಸುಪ್ರೀಂ ಕೋರ್ಟು ಬಳ್ಳಾರಿಯ ಗಣಿಗಳನ್ನು ನಿಲ್ಲಿಸಿತ್ತು. ಹಾಗಾಗಿ ಹಳೇ ಕಬ್ಬಿಣವನ್ನು ಮಣ್ಣಿಗೆ ಎಸೆಯಬೇಡಿ. ಗುಜರಿಗೆ ಹಾಕಿ. ಉಕ್ಕನ್ನು ಎಷ್ಟು ಸಲ ಬೇಕಾದರೂ ಕರಗಿಸಿ ಹೊಸದು ಮಾಡಬಹುದು. ನಿಮ್ಮ ಹಳೇ ಹಾರೆ ನಾಳೆ ಯಾರದೋ ಮನೆಯ ಕಿಟಕಿಯ ಸರಳು ಆಗಬಹುದು.

ತುಕ್ಕು ಹಿಡಿಯದ ಉಕ್ಕು

ಕುಡುಗೋಲನ್ನು ಮಳೆಯಲ್ಲಿ ಬಿಟ್ಟರೆ ಮರುದಿನವೇ ತುಕ್ಕು. ಆದರೆ ಸ್ಟೀಲ್ ಲೋಟ ದಿನಾ ನೀರಲ್ಲಿ ಬಿದ್ದಿದ್ದರೂ ಹೊಳೆಯುತ್ತದೆ. ಯಾಕೆ?

ಸ್ಟೀಲ್ ಪಾತ್ರೆಯ ಉಕ್ಕಿಗೆ ಕ್ರೋಮಿಯಂ ಎಂಬ ಲೋಹ ಬೆರೆಸಿರುತ್ತಾರೆ. ನೂರು ಕಿಲೋಗೆ ಕಡೇಪಕ್ಷ ಹತ್ತೂವರೆ ಕಿಲೋ ಇರಬೇಕು. ಈ ಕ್ರೋಮಿಯಂ ಗಾಳಿ ತಾಗಿದ ಕೂಡಲೇ ಮೇಲೆ ತೆಳುವಾದ ಒಂದು ಪೊರೆ ಕಟ್ಟುತ್ತದೆ. ಅದು ಕಣ್ಣಿಗೆ ಕಾಣುವುದಿಲ್ಲ. ನೀರು, ಗಾಳಿ ಒಳಗಿನ ಕಬ್ಬಿಣಕ್ಕೆ ತಾಗದ ಹಾಗೆ ಅದೇ ಕಾಯುತ್ತದೆ. ಗೀರು ಬಿದ್ದರೂ ಪೊರೆ ಮತ್ತೆ ತಾನಾಗಿ ಕಟ್ಟಿಕೊಳ್ಳುತ್ತದೆ. ಗಾಯಕ್ಕೆ ಹೊಸ ಚರ್ಮ ಬಂದ ಹಾಗೆ.

1913ರಲ್ಲಿ ಇಂಗ್ಲೆಂಡಿನ ಶೆಫೀಲ್ಡ್ ಎಂಬ ಊರಿನಲ್ಲಿ ಹ್ಯಾರಿ ಬ್ರಿಯರ್ಲಿ ಎಂಬವರು ಇಂಥ ಉಕ್ಕು ಮಾಡಿದರು. ಅವರು ಹುಡುಕುತ್ತಿದ್ದದ್ದು ಬಂದೂಕಿನ ನಳಿಗೆಗೆ ಒಳ್ಳೆಯ ಉಕ್ಕು. ಆದರೆ ಅದು ಅಡುಗೆಮನೆಯ ಚಾಕುವಿಗೆ ಬಂತು.

ನಮ್ಮ ಅಜ್ಜಿಯರ ಕಾಲದಲ್ಲಿ ಹಿತ್ತಾಳೆ, ತಾಮ್ರದ ಪಾತ್ರೆಗಳೇ ಹೆಚ್ಚು. ಅದರಲ್ಲಿ ಮಜ್ಜಿಗೆ, ಹುಣಸೆಹುಳಿ ಇಟ್ಟರೆ ಕಿಲುಬು ಬರುತ್ತಿತ್ತು. ಆಗಾಗ ಕಲಾಯಿ ಹಾಕಿಸಬೇಕಿತ್ತು. ಹುಣಸೆಹಣ್ಣು, ಬೂದಿ ಹಾಕಿ ತಿಕ್ಕಿ ತಿಕ್ಕಿ ಕೈ ಸವೆಯುತ್ತಿತ್ತು. ಸ್ಟೀಲ್ ಬಂದ ಮೇಲೆ ಆ ದುಡಿಮೆ ತಪ್ಪಿತು. ಹೆಂಗಸರ ದಿನದಲ್ಲಿ ಸ್ವಲ್ಪ ಹೊತ್ತು ಉಳಿಯಿತು.

ಹಾಗಂತ ಸ್ಟೀಲ್ ಎಲ್ಲಕ್ಕೂ ಆಗುವುದಿಲ್ಲ. ಉಪ್ಪಿಗೂ ಅದಕ್ಕೂ ಆಗಿಬರುವುದಿಲ್ಲ. ಉಪ್ಪು, ಉಪ್ಪಿನಕಾಯಿ ತಿಂಗಳುಗಟ್ಟಲೆ ಇಟ್ಟರೆ ಸಣ್ಣ ಸಣ್ಣ ತೂತು ಬೀಳುತ್ತವೆ. ಅವಕ್ಕೆ ಜಾಡಿಯೇ ಸರಿ. ಸ್ಟೀಲಿಗೆ ಬಿಸಿ ಬೇಗ ಹರಡುವುದಿಲ್ಲ. ಅದಕ್ಕೇ ತೆಳು ಪಾತ್ರೆಯಲ್ಲಿ ಹಾಲು ತಳ ಹತ್ತುತ್ತದೆ. ದಪ್ಪ ತಳದ ಪಾತ್ರೆ ತಗೊಂಡರೆ ಹಾಲೂ ಉಳಿಯುತ್ತದೆ, ಉರುವಲೂ ಉಳಿಯುತ್ತದೆ.

ಪಾತ್ರೆ ಕೊಳ್ಳುವಾಗ

ಜಾತ್ರೆಯಲ್ಲಿ, ಸಂತೆಯಲ್ಲಿ ಪಾತ್ರೆ ಅಂಗಡಿ ಮುಂದೆ ನಿಂತರೆ ಎಲ್ಲವೂ ಒಂದೇ ಥರ ಹೊಳೆಯುತ್ತವೆ. ಹೊಳಪು ನೋಡಿ ಕೊಳ್ಳಬೇಡಿ. ನಾಲ್ಕು ಸಂಗತಿ ನೋಡಿ.

ಒಂದು, ಯಾವ ಸ್ಟೀಲು? ಒಳ್ಳೆಯ ಪಾತ್ರೆಯ ಸ್ಟೀಲಿನಲ್ಲಿ ನೂರಕ್ಕೆ 18 ಭಾಗ ಕ್ರೋಮಿಯಂ, 8 ಭಾಗ ನಿಕ್ಕಲ್ ಇರುತ್ತದೆ. ಇದಕ್ಕೆ 304 ಎಂಬ ಅಂಕೆ. ಕೆಲವು ಪಾತ್ರೆಯ ತಳದಲ್ಲಿ 304 ಅಂತ, ಅಥವಾ 18/8 ಅಂತ ಬರೆದಿರುತ್ತಾರೆ. ನಿಕ್ಕಲ್ ದುಬಾರಿ. ಅದನ್ನು ಕಡಿಮೆ ಮಾಡಿ ಮ್ಯಾಂಗನೀಸ್ ಸೇರಿಸಿದ ಅಗ್ಗದ ಸ್ಟೀಲೂ ಉಂಟು. ಅದರ ಅಂಕೆ 201, 202 ಹೀಗೆ 2ರಿಂದ ಶುರುವಾಗುತ್ತದೆ. ಉಪ್ಪು, ಹುಳಿ ತಾಗಿದರೆ ಅದು ಬೇಗ ಹಾಳಾಗುತ್ತದೆ. ಅಗ್ಗದ್ದನ್ನು ಅಗ್ಗದ ಬೆಲೆಗೆ ಕೊಂಡರೆ ತಪ್ಪಿಲ್ಲ. ಅಗ್ಗದ್ದಕ್ಕೆ 304ರ ಬೆಲೆ ಕೊಡಬಾರದು, ಅಷ್ಟೇ.

ಎರಡು, ಅಯಸ್ಕಾಂತದ ಮಾತು. "ಅಯಸ್ಕಾಂತ ಅಂಟೋದಿಲ್ಲ ನೋಡಮ್ಮಾ, ಇದು ಒಳ್ಳೇ ಮಾಲು" ಅಂತ ಅಂಗಡಿಯವರು ತೋರಿಸುತ್ತಾರೆ. ಇದು ಅರ್ಧ ಸತ್ಯ. 304ಕ್ಕೆ ಸಾಮಾನ್ಯವಾಗಿ ಅಯಸ್ಕಾಂತ ಅಂಟುವುದಿಲ್ಲ, ನಿಜ. ಆದರೆ ಅಗ್ಗದ 201, 202ಕ್ಕೂ ಅಂಟುವುದಿಲ್ಲ! ಇನ್ನು ಕರೆಂಟಿನ ಇಂಡಕ್ಷನ್ ಒಲೆಗೆ ಬೇಕಾದರೆ ತಳಕ್ಕೆ ಅಯಸ್ಕಾಂತ ಅಂಟಲೇಬೇಕು. ಇಲ್ಲದಿದ್ದರೆ ಪಾತ್ರೆ ಬಿಸಿಯಾಗುವುದೇ ಇಲ್ಲ.

ಮೂರು, ಐಎಸ್‌ಐ ಗುರುತು. ಸ್ಟೀಲ್ ಪಾತ್ರೆಗೆ ಸರ್ಕಾರ ಗೊತ್ತು ಮಾಡಿದ ಮಾನಕದ ನಂಬರು 14756. ಗುರುತಿನ ಮೇಲ್ಭಾಗದಲ್ಲಿ ಈ ನಂಬರು ಇರುತ್ತದೆ. ಕೆಳಗೆ ತಯಾರಕರ ಪರವಾನಗಿ ನಂಬರು ಇರುತ್ತದೆ. 2024ರ ಮಾರ್ಚ್ ತಿಂಗಳಲ್ಲಿ ಕೇಂದ್ರ ಸರ್ಕಾರ ಸ್ಟೀಲ್ ಪಾತ್ರೆಗಳಿಗೆ ಈ ಗುರುತು ಬೇಕೆಂದು ಆದೇಶ ಹೊರಡಿಸಿತು. ಮನೆಯಲ್ಲಿ ಮೊಬೈಲ್ ಬಳಸುವ ಮಕ್ಕಳಿದ್ದರೆ 'ಬಿಐಎಸ್ ಕೇರ್' ಎಂಬ ಆ್ಯಪ್‌ನಲ್ಲಿ ಪರವಾನಗಿ ನಂಬರು ಹಾಕಿಸಿ ನೋಡಿ. ಗುರುತು ನಿಜವೋ ಸುಳ್ಳೋ ತಿಳಿಯುತ್ತದೆ.

ನಾಲ್ಕು, ತೂಕ. ಪಾತ್ರೆ ಇಡುವ ಮೊದಲು ತಕ್ಕಡಿಯಲ್ಲಿ ಸೊನ್ನೆ ಇದೆಯಾ ನೋಡಿ. ಆಮೇಲೆ ಲೆಕ್ಕ ನೀವೇ ಮಾಡಿ. ಕಿಲೋಗೆ 400 ರೂಪಾಯಿ ಅಂತ ಇಟ್ಟುಕೊಳ್ಳೋಣ. ಡಬರಿ 850 ಗ್ರಾಂ ತೂಗಿತು. 100 ಗ್ರಾಮಿಗೆ 40 ರೂಪಾಯಿ. 800 ಗ್ರಾಮಿಗೆ 320. ಉಳಿದ 50 ಗ್ರಾಮಿಗೆ 20. ಒಟ್ಟು 340 ರೂಪಾಯಿ. ಅಂಗಡಿಯವರು 380 ಅಂದರೆ "ಹೇಗೆ?" ಅಂತ ಕೇಳಿ. ಕೇಳೋದಕ್ಕೆ ನಾಚಿಕೆ ಏಕೆ? ದುಡ್ಡು ನಮ್ಮದು.

ಬಿಲ್ಲು ಕೇಳಿ ಪಡೆಯಿರಿ. ಮೋಸವಾದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿಗೆ ದೂರು ಹೇಳಬಹುದು. ಅದರ ನಂಬರು 1915. ಗೋಡೆಯ ಮೇಲೆ ಬರೆದಿಡಿ.

ಬಾಣಲೆ ಕಬ್ಬಿಣದ್ದೇ ಇರಲಿ

ಹೊಸ ಸ್ಟೀಲ್ ಬಂತು ಅಂತ ಹಳೇ ಕಬ್ಬಿಣದ ಬಾಣಲೆಯನ್ನು ಗುಜರಿಗೆ ಹಾಕಬೇಡಿ. ನಮ್ಮಲ್ಲಿ ಎಷ್ಟೋ ಹೆಂಗಸರಿಗೆ ರಕ್ತಹೀನತೆ ಇದೆ. ಸುಸ್ತು, ತಲೆಸುತ್ತು, ಏದುಸಿರು ಅದರ ಲಕ್ಷಣ. ರಕ್ತಕ್ಕೆ ಕಬ್ಬಿಣದ ಅಂಶ ಬೇಕು. ಕಬ್ಬಿಣದ ಬಾಣಲೆಯಲ್ಲಿ ಅಡುಗೆ ಮಾಡಿದರೆ ಸ್ವಲ್ಪ ಕಬ್ಬಿಣ ಆಹಾರಕ್ಕೆ ಇಳಿಯುತ್ತದೆ. ಟೊಮೇಟೊ, ಹುಣಸೆಯಂಥ ಹುಳಿ ಇದ್ದರೆ ಇನ್ನೂ ಹೆಚ್ಚು ಇಳಿಯುತ್ತದೆ. ಸ್ಟೀಲ್ ಪಾತ್ರೆಯಿಂದ ಅಷ್ಟು ಸಿಗುವುದಿಲ್ಲ. ಅಡುಗೆ ಆದ ಕೂಡಲೇ ಬೇರೆ ಪಾತ್ರೆಗೆ ಬಗ್ಗಿಸಿ. ಬಾಣಲೆ ತೊಳೆದು, ಒರೆಸಿ, ಎಣ್ಣೆ ಸವರಿ ಇಡಿ.

ಆದರೆ ಆಸ್ಪತ್ರೆಯಲ್ಲಿ ಕಬ್ಬಿಣದ ಮಾತ್ರೆ ಕೊಟ್ಟಿದ್ದರೆ ಅದನ್ನು ಬಿಡಬೇಡಿ. ಬಾಣಲೆ ಸಹಾಯ ಮಾಡುತ್ತದೆ, ಮಾತ್ರೆಯ ಕೆಲಸ ಮಾಡುವುದಿಲ್ಲ.

ಸಿಲಿಂಡರ್ ಓದುವುದು ಹೇಗೆ?

ಗ್ಯಾಸ್ ಸಿಲಿಂಡರ್ ಕೂಡ ಉಕ್ಕಿನದೇ. ಒಳಗೆ ಗ್ಯಾಸ್ ಒತ್ತಿ ತುಂಬಿರುತ್ತದೆ. ಆ ಒತ್ತಡವನ್ನು ಉಕ್ಕು ತಡೆದುಕೊಳ್ಳುತ್ತದೆ. ಹಾಗಾಗಿ ಆ ಉಕ್ಕು ಗಟ್ಟಿಯಾಗಿದೆಯಾ ಅಂತ ಆಗಾಗ ಪರೀಕ್ಷೆ ಮಾಡಲೇಬೇಕು. ಮುಂದಿನ ಪರೀಕ್ಷೆ ಯಾವಾಗ ಅನ್ನುವುದನ್ನು ಸಿಲಿಂಡರಿನ ಮೇಲೇ ಬರೆದಿರುತ್ತಾರೆ. ಹಿಡಿಕೆಯ ಕೆಳಗೆ ಇರುವ ಪಟ್ಟಿಗಳ ಒಳಮೈ ನೋಡಿ. ಒಂದು ಇಂಗ್ಲಿಷ್ ಅಕ್ಷರ, ಎರಡು ಅಂಕೆ ಕಾಣುತ್ತವೆ.

ಇಂಗ್ಲಿಷ್ ಬರುವುದಿಲ್ಲ ಅಂತ ಹೆದರಬೇಡಿ. ನಾಲ್ಕೇ ಅಕ್ಷರ.

ಎ ಅಂದರೆ ಏಣಿ ಒರಗಿಸಿದ ಹಾಗೆ, ಮೇಲೆ ಕೂಡಿದ ಎರಡು ಗೀಟು, ನಡುವೆ ಒಂದು ಅಡ್ಡಗೀಟು. ಇದು ಜನವರಿಯಿಂದ ಮಾರ್ಚ್.

ಬಿ ಅಂದರೆ ಒಂದು ನೆಟ್ಟಗೀಟು, ಬಲಕ್ಕೆ ಎರಡು ಹೊಟ್ಟೆ. ಇದು ಏಪ್ರಿಲ್‌ನಿಂದ ಜೂನ್.

ಸಿ ಅಂದರೆ ಬಲಕ್ಕೆ ಬಾಯಿ ತೆರೆದ ಬಳೆಯ ಹಾಗೆ. ಇದು ಜುಲೈಯಿಂದ ಸೆಪ್ಟೆಂಬರ್.

ಡಿ ಅಂದರೆ ಒಂದು ನೆಟ್ಟಗೀಟು, ಬಲಕ್ಕೆ ಒಂದೇ ಹೊಟ್ಟೆ. ಇದು ಅಕ್ಟೋಬರ್‌ನಿಂದ ಡಿಸೆಂಬರ್.

ಅಕ್ಷರದ ಪಕ್ಕದ ಅಂಕೆ ವರ್ಷ. ಸಿ 29 ಅಂತ ಇದ್ದರೆ 2029ರ ಸೆಪ್ಟೆಂಬರ್ ಒಳಗೆ ಪರೀಕ್ಷೆ ಆಗಬೇಕು ಅಂತ ಅರ್ಥ. ಆ ಅವಧಿ ಮುಗಿದ ಸಿಲಿಂಡರ್ ತಂದರೆ ತಗೋಬೇಡಿ. "ಇದರ ತಾರೀಕು ಮುಗಿದಿದೆ, ಬೇರೆ ಕೊಡಿ" ಅಂತ ಹೇಳಿ.

ಇನ್ನೊಂದು ಅಂಕೆಯೂ ಅಲ್ಲೇ ಇರುತ್ತದೆ. ಅದು ಖಾಲಿ ಸಿಲಿಂಡರಿನ ತೂಕ. ಮನೆಯ ದೊಡ್ಡ ಸಿಲಿಂಡರಿನಲ್ಲಿ ಗ್ಯಾಸ್ 14.2 ಕಿಲೋ ಇರಬೇಕು. ಖಾಲಿ ತೂಕ 15.6 ಅಂತ ಬರೆದಿದ್ದರೆ, 15.6 ಕೂಡಿಸು 14.2. ಒಟ್ಟು 29.8 ಕಿಲೋ. ತಂದವರ ಹತ್ತಿರ ತೂಗಿಸಿ ನೋಡಿ. ಗ್ಯಾಸ್ ಸೋರಿದ ವಾಸನೆ ಬಂದರೆ ಒಲೆ ಆರಿಸಿ, ರೆಗ್ಯುಲೇಟರ್ ಮುಚ್ಚಿ, ಕಿಟಕಿ ಬಾಗಿಲು ತೆರೆಯಿರಿ. ಕರೆಂಟಿನ ಸ್ವಿಚ್ ಮುಟ್ಟಬೇಡಿ. ಮನೆಯಿಂದ ಹೊರಗೆ ಬಂದು 1906ಕ್ಕೆ ಫೋನ್ ಮಾಡಿ.

ಮನೆಯ ಒಳಗಿನ ಎಲುಬು

ಒಂದು ಸೀಮೆಸುಣ್ಣದ ಕಡ್ಡಿ ತಗೊಳ್ಳಿ. ನೆಟ್ಟಗೆ ನಿಲ್ಲಿಸಿ ಮೇಲಿಂದ ಒತ್ತಿ. ಸುಲಭಕ್ಕೆ ಮುರಿಯುವುದಿಲ್ಲ. ಈಗ ಎರಡು ತುದಿ ಹಿಡಿದು ಬಗ್ಗಿಸಿ. ಟಕ್ಕನೆ ಮುರಿಯಿತು! ಕಾಂಕ್ರೀಟೂ ಹಾಗೆಯೇ. ಒತ್ತಿದರೆ ತಡೆಯುತ್ತದೆ. ಬಗ್ಗಿಸಿದರೆ, ಎಳೆದರೆ ಬಿರುಕು ಬಿಡುತ್ತದೆ. ಉಕ್ಕಿನ ಕಂಬಿ ಆ ಎಳೆತವನ್ನು ತಡೆಯುತ್ತದೆ. ಅದಕ್ಕೇ ತಾರಸಿಯ ಒಳಗೆ ಕಂಬಿ ಕಟ್ಟುತ್ತಾರೆ. ನಮ್ಮ ಮೈಗೆ ಎಲುಬು ಇದ್ದ ಹಾಗೆ ಅದು.

ಈಗ ಎಷ್ಟೋ ವಸತಿ ಯೋಜನೆಗಳಲ್ಲಿ ಮನೆ ಹೆಣ್ಣಿನ ಹೆಸರಿಗೇ ಮಂಜೂರಾಗುತ್ತದೆ. ಹೆಸರು ನಮ್ಮದಾದ ಮೇಲೆ ಕಂಬಿ ಲೆಕ್ಕವೂ ನಮಗೆ ಗೊತ್ತಿರಬೇಕು.

ಕಂಬಿಯ ದಪ್ಪವನ್ನು ಮಿಲಿಮೀಟರ್‌ನಲ್ಲಿ ಹೇಳುತ್ತಾರೆ. ಒಂದು ಕಂಬಿಯ ಉದ್ದ ಸಾಮಾನ್ಯವಾಗಿ 12 ಮೀಟರ್, ಅಂದರೆ ಸುಮಾರು 40 ಅಡಿ. ಅದರ ತೂಕ ಹೀಗಿರಬೇಕು:

8 ಮಿಲಿಮೀಟರ್ ಕಂಬಿ: ಸುಮಾರು 4 ಕಿಲೋ 740 ಗ್ರಾಂ

10 ಮಿಲಿಮೀಟರ್ ಕಂಬಿ: ಸುಮಾರು 7 ಕಿಲೋ 400 ಗ್ರಾಂ

12 ಮಿಲಿಮೀಟರ್ ಕಂಬಿ: ಸುಮಾರು 10 ಕಿಲೋ 660 ಗ್ರಾಂ

ಈಗ ಲೆಕ್ಕ. 10 ಮಿಲಿಮೀಟರ್‌ನ 20 ಕಂಬಿ ತಂದಿರಿ. 20 ಗುಣಿಸು 7.4. ಒಟ್ಟು 148 ಕಿಲೋ ಬರಬೇಕು. ಸ್ವಲ್ಪ ವ್ಯತ್ಯಾಸಕ್ಕೆ ನಿಯಮದಲ್ಲೇ ಅವಕಾಶವಿದೆ. ಈ ದಪ್ಪದ ಕಂಬಿಗೆ ನೂರಕ್ಕೆ ಏಳರಷ್ಟು. ಅಂದರೆ 138 ಕಿಲೋಗಿಂತ ಕಡಿಮೆ ಆಗಬಾರದು. ತೂಗಿದಾಗ 130 ಬಂತು ಅನ್ನಿ. ಆಗ ಏನು ತಿಳಿಯಬೇಕು? ಕಂಬಿ ಹೇಳಿದ್ದಕ್ಕಿಂತ ತೆಳುವಾಗಿದೆ. ಎಣಿಕೆ ಲೆಕ್ಕದಲ್ಲಿ ದುಡ್ಡು ಕೊಟ್ಟಿದ್ದರೆ ದುಡ್ಡೂ ಹೋಯಿತು, ಬಲವೂ ಹೋಯಿತು. ತೂಕದ ಲೆಕ್ಕದಲ್ಲಿ ಕೊಟ್ಟಿದ್ದರೆ ದುಡ್ಡು ಉಳಿಯಿತು. ಆದರೆ ತಾರಸಿಯ ಬಲ ಹೋಯಿತು. ಆ ತಾರಸಿಯ ಕೆಳಗೆ ನಮ್ಮ ಮಕ್ಕಳು ಮಲಗುತ್ತಾರೆ.

ಕಂಬಿಯ ಮೈಮೇಲೆ ಕಂಪನಿಯ ಹೆಸರು ಮತ್ತು 500 ಅಥವಾ 550 ಎಂಬ ಅಂಕೆ ಉಬ್ಬಿರುತ್ತದೆ. ಕಂಬಿ ಎಷ್ಟು ಎಳೆತ ತಡೆಯುತ್ತದೆ ಎಂಬುದರ ಅಂಕೆ ಅದು. ಪಕ್ಕದಲ್ಲಿ ಡಿ ಅಕ್ಷರ ಇದ್ದರೆ, ಮುರಿಯುವ ಮೊದಲು ಹೆಚ್ಚು ಬಾಗಿ ತಡೆದುಕೊಳ್ಳುವ ಕಂಬಿ ಅಂತ ಅರ್ಥ. ಕಂಬಿಯ ಐಎಸ್‌ಐ ಮಾನಕದ ನಂಬರು 1786.

ಕಾಂಕ್ರೀಟ್ ಹಾಕುವ ದಿನ ಅಲ್ಲೇ ನಿಲ್ಲಿ. ಕಂಬಿ ನೇರವಾಗಿ ಹಲಗೆಗೆ ತಾಗಿರಬಾರದು. ಕೆಳಗೆ ಸಣ್ಣ ಬಿಲ್ಲೆ ಇಟ್ಟು ಎತ್ತಿರಬೇಕು. ಹಾಗೆ ಮಾಡದಿದ್ದರೆ ಕಂಬಿಗೆ ನೀರು, ಗಾಳಿ ತಾಗಿ ತುಕ್ಕು ಹಿಡಿಯುತ್ತದೆ. ತುಕ್ಕು ಹಿಡಿದ ಕಬ್ಬಿಣ ಊದುತ್ತದೆ. ಊದಿದ ಕಂಬಿ ಕಾಂಕ್ರೀಟನ್ನು ಒಡೆದು ಕೆಡವುತ್ತದೆ. ಹಳೇ ಕಟ್ಟಡಗಳ ತಾರಸಿಯಿಂದ ಚಕ್ಕೆ ಉದುರುವುದು ನೋಡಿದ್ದೀರಲ್ಲ, ಕಾರಣ ಹೆಚ್ಚಾಗಿ ಇದೇ.

ಕುಡುಗೋಲಿನ ಹದ, ಕುಡುಗೋಲಿನ ಗಾಯ

ಕಮ್ಮಾರರು ಕುಡುಗೋಲನ್ನು ಕೆಂಪಗೆ ಕಾಯಿಸಿ ನೀರಿನಲ್ಲಿ ಅದ್ದುತ್ತಾರೆ. ಆಮೇಲೆ ಹದವಾಗಿ ಬಿಸಿ ತೋರಿಸುತ್ತಾರೆ. ಇದರಿಂದ ಉಕ್ಕು ಗಡಸಾಗಿ, ಬಾಯಿ ಹರಿತ ನಿಲ್ಲುತ್ತದೆ. ಅಂಥ ಕುಡುಗೋಲನ್ನು, ಚಾಕುವನ್ನು ಒಲೆಯ ಬೆಂಕಿಗೆ ಹಿಡಿಯಬೇಡಿ. ಹದ ಕೆಟ್ಟು ಬಾಯಿ ಮೆತ್ತಗಾಗುತ್ತದೆ.

ತುಕ್ಕು ತಾಗಿದರೆ ಧನುರ್ವಾಯು ಬರುತ್ತದೆ ಅಂತ ಹೇಳುತ್ತಾರೆ. ನಿಜವಾದ ಕಾರಣ ತುಕ್ಕಲ್ಲ. ಮಣ್ಣು, ಸಗಣಿಯಲ್ಲಿ ಇರುವ ರೋಗಾಣು. ತುಕ್ಕು ಹಿಡಿದ ಸಾಮಾನು ಮಣ್ಣಲ್ಲಿ ಬಿದ್ದಿರುತ್ತದೆ. ಅದು ಆಳವಾಗಿ ಚುಚ್ಚಿದಾಗ ರೋಗಾಣು ಒಳಗೆ ಹೋಗುತ್ತದೆ. ಹೊಳೆಯುವ ಕುಡುಗೋಲಿಗೆ ಮಣ್ಣು ತಾಗಿದ್ದರೂ ಅಪಾಯ ಅಷ್ಟೇ. ಗಾಯವಾದರೆ ಸೋಪು ನೀರಿನಲ್ಲಿ ಚೆನ್ನಾಗಿ ತೊಳೆಯಿರಿ. ಅರಿಶಿನ, ಸಗಣಿ, ಬೂದಿ ಮೆತ್ತಬೇಡಿ. ಅದೇ ದಿನ ಆಸ್ಪತ್ರೆಗೆ ಹೋಗಿ ಚುಚ್ಚುಮದ್ದು ಬೇಕೇ ಎಂದು ಕೇಳಿ.

ಹಿಂದೆ ಹೆರಿಗೆಯಲ್ಲಿ ಹೊಕ್ಕುಳಬಳ್ಳಿಯನ್ನು ಕುಡುಗೋಲಿನಿಂದಲೋ ಹಳೇ ಬ್ಲೇಡಿನಿಂದಲೋ ಕತ್ತರಿಸುತ್ತಿದ್ದರು. ಎಷ್ಟೋ ಹಸುಗೂಸುಗಳು ಧನುರ್ವಾಯುವಿಗೆ ಬಲಿಯಾದವು. ಬಸುರಿಯರಿಗೆ ಚುಚ್ಚುಮದ್ದು, ಆಸ್ಪತ್ರೆಯ ಹೆರಿಗೆ, ಶುದ್ಧವಾದ ಹೊಸ ಬ್ಲೇಡು, ಇವುಗಳಿಂದ ಅದು ಬಹಳ ಕಡಿಮೆಯಾಯಿತು. ತಾಯಿ ಮಗುವಿನ ಧನುರ್ವಾಯುವನ್ನು ಭಾರತ ಹತೋಟಿಗೆ ತಂದಿದೆ ಎಂದು 2015ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಒಪ್ಪಿತು. ಹಾಗಂತ ಚುಚ್ಚುಮದ್ದು ಬಿಟ್ಟರೆ ರೋಗ ಮತ್ತೆ ಬರುತ್ತದೆ.

ಪಾತ್ರೆಯ ಮೇಲೆ ಯಾರ ಹೆಸರು?

ಕೊನೆಗೆ ಒಂದು ಓದು. ನಿಮ್ಮ ಅಡುಗೆಮನೆಯ ಪಾತ್ರೆಗಳನ್ನೆಲ್ಲ ಇಳಿಸಿ. ಅವುಗಳ ಮೇಲೆ ಚುಕ್ಕಿ ಚುಕ್ಕಿಯಾಗಿ ಕೊರೆದ ಹೆಸರುಗಳನ್ನು ಓದಿ. ಇಷ್ಟು ವರ್ಷ ನೀವು ತಿಕ್ಕಿ ತೊಳೆದ ಪಾತ್ರೆಗಳೇ. ಆದರೆ ಓದಿರಲಿಲ್ಲ. ಈಗ ಓದಿ. ಮಾವನ ಹೆಸರು ಎಷ್ಟರ ಮೇಲಿದೆ? ಗಂಡನ ಹೆಸರು ಎಷ್ಟರ ಮೇಲಿದೆ? ಉಡುಗೊರೆ ಕೊಟ್ಟವರ ಹೆಸರು? ನಿಮ್ಮ ಹೆಸರು ಎಷ್ಟರ ಮೇಲಿದೆ?

ತವರಿನಿಂದ ನಿಮಗೆ ಬಂದ ಪಾತ್ರೆ, ಒಡವೆ, ಬೀರು ನಿಮ್ಮ ಸ್ತ್ರೀಧನ. ಮದುವೆಯಾದ ಕೂಡಲೇ ಅದು ಗಂಡನ ಮನೆಯ ಆಸ್ತಿ ಆಗುವುದಿಲ್ಲ, ಅದು ಹೆಣ್ಣಿನದೇ ಎಂದು 1985ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ವರದಕ್ಷಿಣೆ ಕೇಳುವುದು, ಕೊಡುವುದು 1961ರ ಕಾನೂನಿನ ಪ್ರಕಾರ ಅಪರಾಧ. ಯಾರೂ ಕೇಳದೆ ಪ್ರೀತಿಯಿಂದ ಕೊಟ್ಟ ಉಡುಗೊರೆಗಳ ಪಟ್ಟಿ ಬರೆದಿಡಬೇಕು ಎಂದು 1985ರ ನಿಯಮ ಹೇಳುತ್ತದೆ. ಮದುಮಗಳಿಗೆ ಬಂದ ಉಡುಗೊರೆಯ ಪಟ್ಟಿಯನ್ನು ಅವಳೇ ಇಟ್ಟುಕೊಳ್ಳಬೇಕು. ವಸ್ತು ಯಾವುದು, ಅಂದಾಜು ಬೆಲೆ ಎಷ್ಟು, ಕೊಟ್ಟವರು ಯಾರು ಎಂದು ಅದರಲ್ಲಿ ಬರೆದಿರಬೇಕು.

ಹೆಬ್ಬೆಟ್ಟು ಒತ್ತುತ್ತಿದ್ದ ಕಾಲದಲ್ಲಿ ಪಟ್ಟಿ ಬರೆಯುವುದು ನಮ್ಮ ಕೈಲಿ ಇರಲಿಲ್ಲ. ಈಗ ಇದೆ. ಮಗಳ ಮದುವೆಯಲ್ಲಿ ಪಟ್ಟಿ ನೀವೇ ಬರೆಯಿರಿ. ಮುಂದಿನ ಸಲ ಒಂದು ಕೊಡವೋ ಚೊಂಬೋ ಕೊಂಡಾಗ ಅಂಗಡಿಯವರು "ಯಾವ ಹೆಸರು ಹಾಕಲಮ್ಮಾ?" ಅಂತ ಕೇಳುತ್ತಾರೆ. ನಿಮ್ಮ ಹೆಸರನ್ನು ಒಂದು ಚೀಟಿಯಲ್ಲಿ ನೀವೇ ಬರೆದು ಕೊಡಿ. ಕೊರೆದ ಮೇಲೆ ತಪ್ಪಿಲ್ಲದೆ ಇದೆಯಾ ಅಂತ ಓದಿ ನೋಡಿ.

ಹೊಸ ಪದಗಳು

ಅದಿರು: ಲೋಹ ಇರುವ ಕಲ್ಲು, ಮಣ್ಣು.
ಕುಲುಮೆ: ಲೋಹ ಕಾಯಿಸುವ, ಕರಗಿಸುವ ಒಲೆ.
ಮೂಸೆ: ಲೋಹ ಕರಗಿಸುವ ಮಣ್ಣಿನ ಪಾತ್ರೆ.
ಮಾನಕ: ವಸ್ತು ಹೀಗಿರಬೇಕು ಎಂದು ಗೊತ್ತು ಮಾಡಿದ ಅಳತೆ.
ಸ್ತ್ರೀಧನ: ಹೆಣ್ಣಿಗೆ ಸೇರಿದ ಸ್ವಂತ ಸೊತ್ತು.

ಹೇಳಿ ನೋಡೋಣ

1. ಸ್ಟೀಲ್ ಲೋಟಕ್ಕೆ ತುಕ್ಕು ಏಕೆ ಹಿಡಿಯುವುದಿಲ್ಲ?
2. ಅಯಸ್ಕಾಂತ ಅಂಟದಿದ್ದರೆ ಪಾತ್ರೆ ಒಳ್ಳೆಯದು ಎನ್ನಬಹುದೇ? ಏಕೆ?
3. ಸಿಲಿಂಡರಿನ ಮೇಲೆ ಬಿ 30 ಎಂದಿದೆ. ಪರೀಕ್ಷೆ ಯಾವ ವರ್ಷ, ಯಾವ ತಿಂಗಳ ಒಳಗೆ ಆಗಬೇಕು?

ಲೆಕ್ಕ ಮಾಡಿ

1. ಕಿಲೋಗೆ 400 ರೂಪಾಯಿಯಂತೆ 650 ಗ್ರಾಂ ತೂಕದ ಪಾತ್ರೆಗೆ ಎಷ್ಟಾಯಿತು?
2. 12 ಮಿಲಿಮೀಟರ್‌ನ 10 ಕಂಬಿ ಸುಮಾರು ಎಷ್ಟು ಕಿಲೋ ತೂಗಬೇಕು?

ಮಾಡಿ ನೋಡಿ

ನಿಮ್ಮ ಮನೆಯ ಸಿಲಿಂಡರಿನ ಅಕ್ಷರ, ಅಂಕೆ ಓದಿ ಬರೆದುಕೊಂಡು ಬನ್ನಿ. ನಿಮ್ಮದೇ ಆದ ಪಾತ್ರೆಗಳ ಒಂದು ಪಟ್ಟಿ ಬರೆಯಿರಿ. ನಾಳೆ ಕಲಿಕಾ ಕೇಂದ್ರದಲ್ಲಿ ಎಲ್ಲರೂ ಕೂತು ಓದೋಣ.